ಎದುರಿನವರ ಮಾತು ಮುಗಿಯುವವರೆಗೆ: ತಾಳಮದ್ದಳೆಯಿಂದ ಸೀರಿಯಲ್‌ಗೆ, ನನ್ನ ಅನುಭವ

ನಾಟಕದವರು ಸೀರಿಯಲ್ ಸೆಟ್ಟಿಗೆ ಕಾಲಿಟ್ಟ ದಿನವೇ ಒಂದು ಮಾತು ಕೇಳುತ್ತಾರೆ. "ಮೇಡಂ, ಸ್ವಲ್ಪ ಕಮ್ಮಿ ಮಾಡಿ." ನನಗೂ ಹೇಳಿದರು. ದನಿ ಕಮ್ಮಿ, ಕೈ ಕಮ್ಮಿ, ಹುಬ್ಬು ಕಮ್ಮಿ. ನಿಜ ಹೇಳಬೇಕೆಂದರೆ ಅದೇನೂ ದೊಡ್ಡ ಕಷ್ಟ ಅಲ್ಲ. ಕ್ಯಾಮೆರಾ ಎಷ್ಟು ಹತ್ತಿರ ಇದೆ ಅಂತ ಅಂದಾಜಾದರೆ ಮೈ ತಾನಾಗಿ ತಗ್ಗುತ್ತದೆ. ಎದುರಿನವರು ಮಾತಾಡುವಾಗ ನೀವೇನು ಮಾಡುತ್ತೀರಿ ಅನ್ನುವುದು ಇದಕ್ಕಿಂತ ಕಷ್ಟದ್ದು. ಅದನ್ನು ನಾನು ಕಲಿತದ್ದು ನಮ್ಮೂರಿನ ತಾಳಮದ್ದಳೆಯಲ್ಲಿ, ಅಂದರೆ ಯಕ್ಷಗಾನದ ಪ್ರಸಂಗವನ್ನು ಕೂತು ಮಾತಿನಲ್ಲೇ ನಡೆಸುವ ಕೂಟದಲ್ಲಿ.

ಊರು ಅಂದರೆ ಕಾಸರಗೋಡು ಜಿಲ್ಲೆಯ ಬದಿಯಡ್ಕದ ಹತ್ತಿರ. 1956ರಲ್ಲಿ ಕೇರಳಕ್ಕೆ ಸೇರಿದ ಜಾಗ. ಮನೆಯಲ್ಲಿ ಹವ್ಯಕ ಮಾತು, ತೋಟದಲ್ಲಿ ತುಳು, ಬಸ್ಸಿನಲ್ಲಿ ಮಲಯಾಳಂ, ಶಾಲೆಯಲ್ಲಿ ಕನ್ನಡ. ಯಕ್ಷಗಾನ ಎಲ್ಲ ಕಡೆ. ರಾಮಾಯಣದ ಪ್ರಸಂಗಗಳನ್ನು ಬರೆದ ಪಾರ್ತಿಸುಬ್ಬ ಕುಂಬಳೆಯವನು, ನಮಗೆ ಪಕ್ಕದ ಊರಿನವನೇ ಅಂತ ಲೆಕ್ಕ.

ಮಳೆಗಾಲದಲ್ಲಿ ಮೇಳಗಳ ತಿರುಗಾಟ ನಿಂತ ಮೇಲೆ ತಾಳಮದ್ದಳೆ ಜೋರಾಗುತ್ತದೆ. ವೇಷ ಇಲ್ಲ, ಕುಣಿತ ಇಲ್ಲ. ಭಾಗವತರು ಪದ ಹೇಳುತ್ತಾರೆ, ಅರ್ಥಧಾರಿಗಳು ಎದುರುಬದುರು ಕೂತು ಅರ್ಥ ಹೇಳುತ್ತಾರೆ, ಅಂದರೆ ಪಾತ್ರವಾಗಿ ಮಾತಾಡುತ್ತಾರೆ. ಬರೆದಿಟ್ಟ ಸಂಭಾಷಣೆ ಇರುವುದಿಲ್ಲ. ನಮ್ಮ ಅಪ್ಪಚ್ಚಿ, ಅಂದರೆ ಚಿಕ್ಕಪ್ಪ, ಊರಿನ ಕೂಟಗಳಲ್ಲಿ ಅರ್ಥ ಹೇಳುವವರು. ಹೆಸರಾಂತ ಅರ್ಥಧಾರಿ ಶೇಣಿ ಗೋಪಾಲಕೃಷ್ಣ ಭಟ್ಟರ ಅರ್ಥದ ಕ್ಯಾಸೆಟ್ ಹಾಕಿ, ನಡುವೆ ನಿಲ್ಲಿಸಿ, "ಈಗ ಎದುರಿನವ ಎಂತ ಹೇಳುತ್ತಾನೆ ನೋಡುವಾ" ಅಂತ ನಮ್ಮನ್ನು ಕೇಳುತ್ತಿದ್ದರು. ಮಹಿಳೆಯರ ತಂಡದಲ್ಲಿ ನನಗೆ ಮೊದಲು ಸಿಕ್ಕಿದ್ದು ವಾಲಿವಧೆಯ ತಾರೆ. ಸುಗ್ರೀವ ಎರಡನೇ ಸಲ ಯುದ್ಧಕ್ಕೆ ಕರೆದಿದ್ದಾನೆ, ವಾಲಿ ಹೊರಟಿದ್ದಾನೆ, ತಾರೆ ತಡೆಯಬೇಕು. ಇದಕ್ಕೆ ಬಾಯಿಪಾಠ ಪ್ರಯೋಜನಕ್ಕೆ ಬರುವುದಿಲ್ಲ. ವಾಲಿಯ ಅರ್ಥ ಹೇಳುವವರು ಇವತ್ತು ಪೌರುಷದ ದಾರಿ ಹಿಡಿದರೆ, ನಾಳೆ ಹೆಂಡತಿಯನ್ನು ತಮಾಷೆ ಮಾಡುತ್ತಾ ಮಾತು ತೇಲಿಸುತ್ತಾರೆ. "ಮದಲು ಕೇಳು ಕೂಸೇ, ಮತ್ತೆ ಮಾತಾಡು" ಅಂತಿದ್ದರು ಅಪ್ಪಚ್ಚಿ. ಕೇಳುವಾಗ ಎಲ್ಲಿ ಹಿಡಿಯಬಹುದು ಅಂತ ಒಂದು ಜಾಗ ಕಾಣುತ್ತದೆ. ಆದರೆ ಅಲ್ಲೇ ಬಾಯಿ ಹಾಕುವ ಹಾಗಿಲ್ಲ. ಅವರ ಮಾತು ಮುಗಿಯುವವರೆಗೆ ಆ ಪ್ರಶ್ನೆಯನ್ನು ಒಳಗೆ ಇಟ್ಟುಕೊಂಡು ಕೂರಬೇಕು. ಈ ಕೂರುವುದೇ ಮುಂದೆ ನನ್ನ ಅನ್ನವಾಯಿತು.

ಶಾಲೆಯಲ್ಲಿ ಕಲೋತ್ಸವ ಇತ್ತು. ಕೇರಳದ ಶಾಲಾ ಕಲೋತ್ಸವದಲ್ಲಿ ಯಕ್ಷಗಾನ ಇದೆ, ಕನ್ನಡ ಭಾಷಣ ಇದೆ, ಕನ್ನಡ ಪದ್ಯ ಹೇಳುವ ಸ್ಪರ್ಧೆಯೂ ಇದೆ. ಎ ಗ್ರೇಡ್ ಸಿಕ್ಕಿದರೆ ಪರೀಕ್ಷೆಗೆ ಗ್ರೇಸ್ ಮಾರ್ಕು ಬರುತ್ತಿತ್ತು, ಆದ್ದರಿಂದ ಮನೆಯಲ್ಲಿ ಯಾರೂ ತಡೆಯಲಿಲ್ಲ. ರಾಜ್ಯಮಟ್ಟಕ್ಕೆ ಹೋದರೆ ಕನ್ನಡದ ಒಂದಕ್ಷರ ಬಾರದ ಸಭೆ. ಮಾತು ಅರ್ಥವಾಗದವರನ್ನೂ ಕೂರಿಸಬೇಕು. ಅದೂ ಒಂದು ಪಾಠವೇ ಅಲ್ವಾ.

ಡಿಗ್ರಿ ಮುಗಿಸಿ ಹೆಗ್ಗೋಡಿಗೆ ಹೋದೆ. ನೀನಾಸಂ ರಂಗಶಿಕ್ಷಣ ಕೇಂದ್ರ 1980ರಲ್ಲಿ ಶುರುವಾದದ್ದು, ಊರೂರಿಗೆ ನಾಟಕ ಒಯ್ಯುವ ಅವರ ತಿರುಗಾಟ 1985ರಿಂದ ನಡೆಯುತ್ತಿದೆ. ಕಲಿಕೆ ಮುಗಿದ ಮೇಲೆ ನಾನೂ ತಿರುಗಾಟದಲ್ಲಿದ್ದೆ. ಅಲ್ಲಿ ನಟರೇ ಸೆಟ್ ಇಳಿಸಬೇಕು, ಲೈಟ್ ಕಟ್ಟಬೇಕು, ಆಮೇಲೆ ಬಣ್ಣ ಹಚ್ಚಬೇಕು, ರಾತ್ರಿ ಮತ್ತೆ ಎಲ್ಲ ಲೋಡ್ ಮಾಡಬೇಕು. ಇವತ್ತು ಒಳ್ಳೆಯ ರಂಗಮಂದಿರ ಇದ್ದರೆ ನಾಳೆ ಶೀಟ್ ಹಾಕಿದ ಕಲ್ಯಾಣ ಮಂಟಪ. ಹೊಸ ಜಾಗಕ್ಕೆ ಹೋದ ಕೂಡಲೇ ನಾನು ಕೊನೆಯ ಸಾಲಿಗೆ ಹೋಗಿ ಕೂರುತ್ತಿದ್ದೆ. ಗೆಳತಿ ವೇದಿಕೆಯಿಂದ ಎರಡು ಸಾಲು ಹೇಳುತ್ತಿದ್ದಳು. ದನಿ ಎಲ್ಲಿ ಒಡೆಯುತ್ತದೆ, ಎಲ್ಲಿ ನುಂಗಿಹೋಗುತ್ತದೆ ಅಂತ ಗೊತ್ತಾಗುತ್ತಿತ್ತು.

ಬೆಂಗಳೂರಿಗೆ ಹೋದದ್ದು ಕಣ್ಣೂರು–ಬೆಂಗಳೂರು ರೈಲಿನಲ್ಲಿ. ಕಾಸರಗೋಡಿನಲ್ಲಿ ಸಂಜೆ ಹತ್ತಿದರೆ ಬೆಳಿಗ್ಗೆ ಅಲ್ಲಿ. ಆಡಿಷನ್‌ನಲ್ಲಿ ಊರು ಕೇಳುತ್ತಾರೆ. "ಓ, ಕೇರಳಾನಾ? ಕನ್ನಡ ಎಷ್ಟು ಚೆನ್ನಾಗಿ ಮಾತಾಡ್ತೀರ!" ಈಗ ನಾನು "ಥ್ಯಾಂಕ್ಸ್" ಅಂತ ಹೇಳಿ ಮುಗಿಸುತ್ತೇನೆ. ಇತಿಹಾಸ ಹೇಳಲು ಹೋದರೆ ಆಡಿಷನ್ ಟೈಮ್ ಮುಗಿಯುತ್ತದೆ. ಬೇಜಾರು ಮಾಡುವ ಸಂಗತಿ ಬೇರೆ. ಕರಾವಳಿ ಮಾತು ಕೇಳಿದ ತಕ್ಷಣ ಅಡುಗೆಯವರ ಪಾತ್ರ, ಹೋಟೆಲ್ ಮಾಲೀಕರ ಹೆಂಡತಿ ಪಾತ್ರ, ಅದೂ ನಗಿಸುವುದಕ್ಕೆ. ಎರಡು ಮಾಡಿದೆ. ಆಮೇಲೆ ನಾನು ಬಾಡಿಗೆಗಿದ್ದ ಮನೆಯ ಓನರ್ ಆಂಟಿಯ ಮಾತನ್ನು ಗಮನ ಇಟ್ಟು ಕೇಳಲು ಶುರು ಮಾಡಿದೆ. ನಾವು ಪ್ರತಿ ಅಕ್ಷರವನ್ನೂ ಬಿಡಿಸಿ ಹೇಳುತ್ತೇವೆ, ಅವರು ಸಾಲಿನ ಕೊನೆಯನ್ನು ಅರ್ಧ ನುಂಗುತ್ತಾರೆ. "ಹೋಗ್ತೇನೆ" ಬದಲು "ಹೋಗ್ತೀನಿ" ಅಂದರೆ ಸಾಲದು, ಓಟವೇ ಬೇರೆ. ಆ ಓಟ ಕೂತ ಮೇಲೆ ಬೇರೆ ಪಾತ್ರ ಸಿಕ್ಕಿತು. ತಾಯಿ ಪಾತ್ರ! ಮೂವತ್ತು ದಾಟಿ ಹೆಚ್ಚು ಆಗಿರಲಿಲ್ಲ, ನನಗಿಂತ ಏಳೆಂಟು ವರ್ಷ ಚಿಕ್ಕವಳ ತಾಯಿ. ಕಿವಿಯ ಹತ್ತಿರ ಸ್ವಲ್ಪ ಬಿಳಿ ಹಚ್ಚಿದರೆ ಆಯಿತು. ಸೀರಿಯಲ್‌ನಲ್ಲಿ ಹೆಂಗಸರ ವಯಸ್ಸಿನ ಲೆಕ್ಕ ಹೀಗೆಯೇ. ಗಂಡಸರಿಗೆ ಈ ತೊಂದರೆ ಕಮ್ಮಿ.

ಇನ್ನು ಸೆಟ್ಟಿನ ಕೆಲಸ. ಅರ್ಧ ಗಂಟೆಯ ಸ್ಲಾಟಿನಲ್ಲಿ ಜಾಹೀರಾತು ಬಿಟ್ಟರೆ ಇಪ್ಪತ್ತು ಇಪ್ಪತ್ತೆರಡು ನಿಮಿಷ ಕತೆ. ಅದು ದಿನಾ ಹೋಗಬೇಕು, ಆದ್ದರಿಂದ ಸೀನ್ ಪೇಪರ್ ಎಷ್ಟೋ ಸಲ ಆ ದಿನ ಬೆಳಿಗ್ಗೆಯೇ ಕೈಗೆ ಬರುತ್ತದೆ. ಮೊದಲು ಮಾಸ್ಟರ್ ಶಾಟ್, ಎಲ್ಲರೂ ಕಾಣುವಂತೆ. ಆಮೇಲೆ ಒಬ್ಬರ ಭುಜದ ಮೇಲಿಂದ ಇನ್ನೊಬ್ಬರನ್ನು ತೋರಿಸುವ ಸಜೆಷನ್. ಕೊನೆಗೆ ಕ್ಲೋಸ್, ಒಬ್ಬರ ಮುಖ ಮಾತ್ರ. ಅದೇ ಮಾತು, ಅದೇ ಅಳು, ಮತ್ತೆ ಮತ್ತೆ. ಎಡಿಟಿಂಗ್ ಆಗಿ ಬಂದ ಮೇಲೆ ನೋಡಿ, ಮಾತಾಡುವವರಷ್ಟೇ ಹೊತ್ತು ಕೇಳುವವರ ಮುಖ ಇರುತ್ತದೆ. ತಾಯಿ ಪಾತ್ರದವರಿಗಂತೂ ಕೇಳುವುದೇ ಜಾಸ್ತಿ.

ಹೆಚ್ಚಿನವರು ಆ ಹೊತ್ತಿನಲ್ಲಿ ತಮ್ಮ ಮುಂದಿನ ಸಾಲನ್ನು ನೆನಪು ಮಾಡುತ್ತಿರುತ್ತಾರೆ. ಅದು ಕಣ್ಣಿನಲ್ಲಿ ಗೊತ್ತಾಗುತ್ತದೆ. ಇನ್ನು ಕೆಲವರು ಪ್ರತಿ ಮಾತಿಗೂ ಮುಖದಲ್ಲಿ ಏನಾದರೂ ಮಾಡುತ್ತಾರೆ. ನಾನು ಮಾಡುವುದು ಇಷ್ಟೇ: ಸೀನ್ ಓದುವಾಗ ಎದುರಿನವರ ಮಾತಿನಲ್ಲಿ ನನಗೆ ಒಪ್ಪಿಗೆಯಾಗದ ಒಂದು ಜಾಗ ಹುಡುಕುತ್ತೇನೆ. ಮಗಳು "ನೀನು ಯಾವತ್ತೂ ನನ್ನ ಪರ ಮಾತಾಡಿಲ್ಲ" ಅಂತಾಳೆ ಅನ್ನಿ. ಆ 'ಯಾವತ್ತೂ' ಬಂದಾಗ ನಾನು ಮನಸ್ಸಿನಲ್ಲಿ ಹಿಡಿಯುತ್ತೇನೆ, ತಾರೆ ವಾಲಿಯ ಮಾತನ್ನು ಹಿಡಿಯುವ ಹಾಗೆ. ಬಾಯಿ ತೆರೆಯುವುದಿಲ್ಲ. ಅವಳು ಮುಗಿಸುವವರೆಗೆ ತಡೆದುಕೊಳ್ಳುತ್ತೇನೆ. ಆ ತಡೆದುಕೊಳ್ಳುವುದು ಮುಖದಲ್ಲಿ ಕಾಣುತ್ತದೆ, ಬೇರೆ ನಟನೆ ಬೇಡ.

ನಾಯಕಿಗೆ ಬೇರೆ ಕಡೆ ಕೆಲಸ ಇದ್ದರೆ ಅವಳ ಕ್ಲೋಸ್ ಮೊದಲು ತೆಗೆದು ಕಳಿಸಿಬಿಡುತ್ತಾರೆ. ಆಗ ನನ್ನ ಕ್ಲೋಸ್‌ಗೆ ಅವಳ ಮಾತನ್ನು ಅಸಿಸ್ಟೆಂಟ್ ಡೈರೆಕ್ಟರ್ ಹುಡುಗ ಓದುತ್ತಾನೆ. ಪಾಪ, ಅವನ ದನಿಯಲ್ಲಿ ದಿನಸಿ ಪಟ್ಟಿ ಓದಿದ ಹಾಗಿರುತ್ತದೆ. ಅದಕ್ಕೇ ಮಾಸ್ಟರ್ ಶಾಟಿನಲ್ಲಿ ಅವಳು ಎಲ್ಲಿ ಉಸಿರು ತೆಗೆದಳು, ಎಲ್ಲಿ ದನಿ ತಪ್ಪಿತು ಅಂತ ಗಟ್ಟಿಯಾಗಿ ನೆನಪಿಟ್ಟುಕೊಂಡಿರುತ್ತೇನೆ. ಪ್ರಾಂಪ್ಟಿಂಗ್ ಕೂಡ ಹೀಗೆಯೇ. ಹಿಂದಿನಿಂದ ನಮ್ಮ ಸಾಲು ಹೇಳಿಕೊಡುತ್ತಾರೆ, ಒಂದು ಕಿವಿ ಅತ್ತ, ಒಂದು ಕಿವಿ ಇತ್ತ. ನಾನು ಬಾಯಿಪಾಠ ಮಾಡುತ್ತೇನೆ, ಆದರೆ ಎದುರಿನವರಿಗೆ ಪ್ರಾಂಪ್ಟ್ ಬೇಕಾದರೆ ಆ ಎರಡು ಕ್ಷಣವನ್ನು ತುಂಬಬೇಕಾದದ್ದು ನಾನೇ.

ಯಕ್ಷಗಾನದವರು, ನಾಟಕದವರು ಅಂದರೆ ಓವರ್ ಆಕ್ಟಿಂಗ್ ಅಂತ ಸೆಟ್ಟಿನಲ್ಲಿ ಸುಮ್ನೆ ಹೇಳುತ್ತಾರೆ. ನನಗೆ ಹಾಗೆ ಅನ್ನಿಸುವುದಿಲ್ಲ. ಕೇಳದೆ ಮಾತಾಡಿದರೆ ಮೆಲ್ಲಗೆ ಹೇಳಿದರೂ ಓವರ್ ಆಗಿಯೇ ಕಾಣುತ್ತದೆ.

ದುಡ್ಡಿನ ವಿಷಯ. ಪೇಮೆಂಟ್ ದಿನದ ಲೆಕ್ಕ. ಕೈಗೆ ಬರುವುದು ಎರಡು ಮೂರು ತಿಂಗಳ ನಂತರ, ಒಮ್ಮೊಮ್ಮೆ ಇನ್ನೂ ತಡ. ಪೋಷಕ ಪಾತ್ರದವರು ಸೀರೆ, ಬ್ಲೌಸ್, ಸರ ಎಲ್ಲ ಮನೆಯಿಂದಲೇ ತರಬೇಕು. ರೇಷ್ಮೆ ಮೈಕಿಗೆ ಉಜ್ಜಿ ಸದ್ದು ಮಾಡುತ್ತದೆ, ಆದ್ದರಿಂದ ಮೆತ್ತನೆ ಹತ್ತಿಯೇ ವಾಸಿ. ಗಾಜಿನ ಬಳೆಯೂ ತಲೆನೋವು. ಒಂದು ಸೀನ್ ವಾರಗಟ್ಟಲೆ ಎಳೆದರೆ ಅದೇ ಸೀರೆ ಮತ್ತೆ ಬೇಕು, ನೆರಿಗೆಯ ಫೋಟೋ ಫೋನಿನಲ್ಲಿ ಇಟ್ಟುಕೊಳ್ಳಬೇಕು. ಕತೆಯ ಟ್ರ್ಯಾಕ್ ಬದಲಾದರೆ ತಾಯಿಯನ್ನು ತೀರ್ಥಯಾತ್ರೆಗೆ ಕಳಿಸುತ್ತಾರೆ, ಆ ತಿಂಗಳು ಸಂಪಾದನೆ ಇಲ್ಲ. 2020ರ ಮಾರ್ಚಿನಲ್ಲಿ ಶೂಟಿಂಗ್ ನಿಂತಾಗ ನಾನು ಊರಿನಲ್ಲಿದ್ದೆ, ಕೇರಳ–ಕರ್ನಾಟಕದ ನಡುವಿನ ತಲಪಾಡಿ ಗಡಿಯೂ ಬಂದ್ ಆಯಿತು. ಆ ವರ್ಷ ಡಬ್ಬಿಂಗ್ ಧಾರಾವಾಹಿಗಳು ಕನ್ನಡ ಚಾನೆಲ್‌ಗಳಿಗೆ ಬಂದವು. ವಾಪಸ್ ಹೋದ ಮೇಲೆ ಕೆಲವು ಅಜ್ಜಿಯರಿಗೆ ದನಿ ಕೊಟ್ಟು ಬಾಡಿಗೆ ಕಟ್ಟಿದೆ. ಡಬ್ಬಿಂಗ್ ಮಾಡುವುದು ತಪ್ಪು ಅಂತ ಹೇಳುವ ಗೆಳೆಯರಿದ್ದಾರೆ, ಅವರೊಡನೆ ಆ ವಿಷಯ ಎತ್ತುವುದಿಲ್ಲ.

ಒಪ್ಪಂದ ಮಾಡುವಾಗಲೇ ಮಳೆಗಾಲದ ಆಟಿ ತಿಂಗಳಲ್ಲಿ ಕೆಲವು ದಿನ ಸಿಗುವುದಿಲ್ಲ ಅಂತ ಹೇಳಿಬಿಡುತ್ತೇನೆ. "ಮನೆಯಲ್ಲಿ ಪೂಜೇನಾ ಮೇಡಂ?" ಅಂತ ಮ್ಯಾನೇಜರ್ ಕೇಳುತ್ತಾರೆ. ತಾಳಮದ್ದಳೆ ಅಂದರೆ ಅವರಿಗೆ ಪ್ರಶ್ನೆ ಜಾಸ್ತಿಯಾಗುತ್ತದೆ, "ಹೌದು, ಹಾಗೇ" ಅನ್ನುತ್ತೇನೆ.

ನಮ್ಮ ಕಡೆಯ ಮಕ್ಕಳು ಫೋನ್ ಮಾಡುತ್ತಾರೆ. "ಅಕ್ಕಾ, ಸೀರಿಯಲ್‌ಗೆ ಸೇರುವುದು ಹೇಗೆ?" ಮೇಕಪ್ ಇಲ್ಲದೆ, ಕಿಟಕಿಯ ಬೆಳಕಿಗೆ ಮುಖ ಮಾಡಿ ಒಂದು ನಿಮಿಷದ ವಿಡಿಯೋ ಮಾಡಿ. ಮನೆ ಮಾತಿನಲ್ಲಿ ಒಂದು, ಬೆಂಗಳೂರಿನ ಮಾತಿನಲ್ಲಿ ಒಂದು. ಮೂರನೆಯದರಲ್ಲಿ ಮಾತು ಬೇಡ, ಅಮ್ಮನ ಹತ್ತಿರ ಬೈಯಲು ಹೇಳಿ, ನಿಮ್ಮ ಮುಖ ಮಾತ್ರ ತೆಗೆಯಿರಿ. ಪಾತ್ರ ಕೊಡಿಸುತ್ತೇವೆ, ರಿಜಿಸ್ಟ್ರೇಷನ್ ಅಂತ ಇಷ್ಟು ಕಳಿಸಿ ಅಂತ ಯಾರಾದರೂ ಕೇಳಿದರೆ ಒಂದು ರೂಪಾಯಿಯೂ ಹಾಕಬೇಡಿ. ಮತ್ತೆ, ಮೊದಲ ಆರು ತಿಂಗಳ ಬಾಡಿಗೆಯ ದುಡ್ಡು ಕೈಯಲ್ಲಿ ಇಲ್ಲದೆ ರೈಲು ಹತ್ತಬೇಡಿ.