ಬೇರಿಂಗ್ ನಂಬರನ್ನು ನಾನು ಓದುವ ರೀತಿ

ಮೋಟಾರ್ ರಿಪೇರಿ ಮಾಡುವವರಿಗೆ ಬೇರಿಂಗ್ ನಂಬರ್ ಓದಲು ಬರಲೇಬೇಕು. ನಾನು ಹಿಂದಿನಿಂದ ಓದುತ್ತೇನೆ. 6204ರಲ್ಲಿ ಕೊನೆಯ 04ನ್ನು ಐದರಿಂದ ಗುಣಿಸಿ, ಒಳಗಿನ ತೂತು 20 ಮಿ.ಮೀ. ಈ ಲೆಕ್ಕ 04ರಿಂದ ಮೇಲಕ್ಕೆ ಮಾತ್ರ. 00 ಅಂದರೆ 10, 01 ಅಂದರೆ 12, 02 ಅಂದರೆ 15, 03 ಅಂದರೆ 17. ಇವನ್ನು ಬಾಯಿಪಾಠ ಮಾಡುವುದೇ ದಾರಿ. ಮೂರೇ ಅಂಕಿ ಇದ್ದರೆ ಮತ್ತೆ ಬೇರೆ: 608ರ ತೂತು ನೇರವಾಗಿ 8, ಆದರೆ 6008ರದ್ದು 40. ಫೋನಿನಲ್ಲಿ ನಂಬರ್ ಹೇಳುವಾಗ ಒಂದು ಸೊನ್ನೆ ತಪ್ಪಿದರೆ ಸಾಕು, ಕೆಲಸ ಕೆಟ್ಟಂತೆ.

ನಿಜವಾದ ಕಷ್ಟ ಇರುವುದು ತುಕ್ಕು ಹಿಡಿದು ಅಂಕಿ ಅಳಿಸಿಹೋದಾಗ. ಅಳೆದಾಗ ಹೊರ ವ್ಯಾಸ 47, ದಪ್ಪ 14 ಬಂತು ಅಂದುಕೊಳ್ಳಿ. ಅದು 6204 ಆಗಿರಬಹುದು, 6303 ಕೂಡ ಆಗಿರಬಹುದು, ಎರಡರ ಹೊರ ಅಳತೆಯೂ ಒಂದೇ, ಹೌಸಿಂಗ್‌ನಲ್ಲಿ, ಅಂದರೆ ಬೇರಿಂಗ್ ಕೂರುವ ಗೂಡಿನಲ್ಲಿ, ಎರಡೂ ಚೆನ್ನಾಗಿಯೇ ಕೂರುತ್ತವೆ. ಒಳಗೆ ಮಾತ್ರ ಒಂದು 20, ಇನ್ನೊಂದು 17. 6205 ಮತ್ತು 6304ರ ಕಥೆಯೂ ಹೀಗೇ, ಎರಡಕ್ಕೂ ಹೊರಗೆ 52, ದಪ್ಪ 15. ಅದಕ್ಕೇ ನಾನು ವರ್ನಿಯರ್ (ಅಳತೆಯ ಉಪಕರಣ) ಇಡುವುದು ಮೊದಲು ಹಳೆಯ ಬೇರಿಂಗ್‌ನ ಒಳ ರಿಂಗಿಗೆ. ಶಾಫ್ಟ್ ಅಳತೆಯನ್ನು ನೆಚ್ಚಿಕೊಳ್ಳುವುದಿಲ್ಲ, ಅದು ಸವೆದಿರುತ್ತೆ.

ಇನ್ನು ನಂಬರಿನ ಬಾಲ, ಅಂದರೆ ಅಂಕಿಗಳ ನಂತರ ಬರುವ ಅಕ್ಷರಗಳು. ಇಲ್ಲಿ ಒಂದೊಂದು ಕಂಪನಿಯದು ಒಂದೊಂದು ಭಾಷೆ. ಎರಡೂ ಕಡೆ ತಗಡಿನ ಮುಚ್ಚಳ ಇದ್ದರೆ ಎಸ್‌ಕೆಎಫ್‌ನವರು 2ಝಡ್ ಅನ್ನುತ್ತಾರೆ, ಎನ್‌ಎಸ್‌ಕೆಯವರು ಝಡ್‌ಝಡ್. ರಬ್ಬರ್ ಸೀಲ್ ಆದರೆ ಎಸ್‌ಕೆಎಫ್‌ನಲ್ಲಿ 2ಆರ್‌ಎಸ್1, ಎನ್‌ಎಸ್‌ಕೆಯಲ್ಲಿ ಡಿಡಿಯು, ಎನ್‌ಟಿಎನ್‌ನಲ್ಲಿ ಎಲ್‌ಎಲ್‌ಯು. ಎನ್‌ಎಸ್‌ಕೆಯ ವಿವಿ ಕೂಡ ನೋಡಲು ರಬ್ಬರೇ, ಆದರೆ ಅದರ ತುಟಿ ಒಳ ರಿಂಗಿಗೆ ತಾಗುವುದಿಲ್ಲ. ನೀರು ಸಿಡಿಯುವ ಪಂಪಿಗೆ ತಾಗುವ ಸೀಲೇ ಬೇಕು. ಬರೀ ಬಣ್ಣ ನೋಡಿ ತಗೊಂಡರೆ ಆಗಲ್ಲ.

ಇದೇ ಬಾಲದಲ್ಲಿ, ಅಂಗಡಿಯಲ್ಲಿ ಜಾಸ್ತಿ ಜನ ಕೇಳದೇ ಬಿಡುವುದು ಸಿ3. ಗುಂಡು ಮತ್ತು ರಿಂಗುಗಳ ನಡುವಿನ ಸಡಿಲ ಮಾಮೂಲಿಗಿಂತ ಹೆಚ್ಚು ಅಂತ ಅದರ ಅರ್ಥ. ಏನೂ ಬರೆದಿಲ್ಲ ಅಂದರೆ ಮಾಮೂಲಿ ಸಡಿಲ. ಮೋಟಾರ್ ಬಿಸಿಯಾದಾಗ ಒಳ ರಿಂಗ್ ಹಿಗ್ಗುತ್ತೆ, ಆ ಹಿಗ್ಗಿಗೆ ಜಾಗ ಬೇಕಲ್ವಾ? ಹೊಸ ಸಿ3 ಬೇರಿಂಗ್ ಕೈಯಲ್ಲಿ ಸ್ವಲ್ಪ ಅಲ್ಲಾಡುತ್ತೆ, ಅದನ್ನು ನೋಡಿ ಹಳೇ ಮಾಲು ಅಂತ ಗಿರಾಕಿಗಳು ಅನುಮಾನ ಪಡುತ್ತಾರೆ, ಆಗ ಡಬ್ಬಿ ಮೇಲಿನ ಆ ಎರಡಕ್ಷರ ತೋರಿಸಿ ವಿವರಿಸುತ್ತೇನೆ. ಬಿಚ್ಚಿದ ಬೇರಿಂಗ್‌ನಲ್ಲಿ ಸಿ3 ಇದ್ದು ಅಂಗಡಿಯಲ್ಲಿ ಸಿಗದಿದ್ದರೆ ಸುಮ್ನೆ ಇದ್ದದ್ದನ್ನು ಹಾಕುವುದಿಲ್ಲ. ಕೆಲಸ ಒಂದು ದಿನ ತಡವಾದರೂ ತರಿಸಿಯೇ ಹಾಕುತ್ತೇನೆ.