ಹಕ್ಕಿಹುಚ್ಚು ಹಿಡಿದವರ ಪುಸ್ತಕಗಳನ್ನು ಓದುವುದು ಹೇಗೆ

ಹಕ್ಕಿಹುಚ್ಚು ಹಿಡಿದವರ ಬಗ್ಗೆ ಒಂದು ಒಳ್ಳೆಯ ಪುಸ್ತಕ ಕೊಡಿ ಎಂದು ಗ್ರಂಥಾಲಯಕ್ಕೆ ಬರುವವರಿಗೆ ನಾನು ತಕ್ಷಣ ಪುಸ್ತಕ ತೆಗೆದುಕೊಡುವುದಿಲ್ಲ. ನಿಮಗೆ ಹಕ್ಕಿ ಬೇಕೋ, ಹುಚ್ಚು ಬೇಕೋ ಎಂದು ಮೊದಲು ಕೇಳುತ್ತೇನೆ. ಹಕ್ಕಿ ಬೇಕಾದವರಿಗೆ ಲೇಖಕನ ಮನೆಯ ಜಗಳ, ಸಾವುನೋವುಗಳ ಕತೆ ಬೇಸರ ತರಿಸುತ್ತದೆ. ಹುಚ್ಚು ಬೇಕಾದವರಿಗೆ ರೆಕ್ಕೆಯ ವರ್ಣನೆ ಎರಡು ಪುಟ ದಾಟಿದರೆ ತೂಕಡಿಕೆ ಬರುತ್ತದೆ. ಎರಡೂ ಒಂದರೊಳಗೊಂದು ಹೆಣೆದುಕೊಂಡಿರುವ ಪುಸ್ತಕಗಳು ಇವೆ. ಅವುಗಳನ್ನು ಯಾವ ಕ್ರಮದಲ್ಲಿ, ಯಾವುದರ ಮೇಲೆ ಕಣ್ಣಿಟ್ಟು ಓದಿದರೆ ಹೆಚ್ಚು ದಕ್ಕುತ್ತವೆ ಎಂಬುದನ್ನು ಇಷ್ಟು ವರ್ಷ ಈ ಕಪಾಟುಗಳ ನಡುವೆ ಕಳೆದವಳಾಗಿ ಹೇಳುತ್ತೇನೆ.

ಮೊದಲ ತೊಡಕು ಹುಡುಕಾಟದ್ದು. ಗ್ರಂಥಾಲಯಗಳಲ್ಲಿ ಪುಸ್ತಕಗಳಿಗೆ ವಿಷಯವಾರು ಸಂಖ್ಯೆ ಕೊಟ್ಟು ಜೋಡಿಸುವ ಡ್ಯೂಯಿ ವರ್ಗೀಕರಣದಲ್ಲಿ ಹಕ್ಕಿಗಳ ಸಂಖ್ಯೆ 598. ಆದರೆ ಹಕ್ಕಿಹುಚ್ಚಿನವರು ಅಲ್ಲಿ ಮಾತ್ರ ಇರುವುದಿಲ್ಲ. ಡೇಗೆ ಪಳಗಿಸಿದವರು 799ರಲ್ಲಿ, ಅಂದರೆ ಬೇಟೆಯ ಕಪಾಟಿನಲ್ಲಿ ಸಿಗುತ್ತಾರೆ. ಕೆಲವರು 920ರ ಜೀವನಚರಿತ್ರೆಗಳ ಸಾಲಿನಲ್ಲಿರುತ್ತಾರೆ. ಗರಿಗಳಿಗಾಗಿ ವಸ್ತುಸಂಗ್ರಹಾಲಯಕ್ಕೆ ಕನ್ನ ಹಾಕಿದವನ ಕತೆ 364ರಲ್ಲಿ, ಅಪರಾಧಗಳ ನಡುವೆ ಇರುತ್ತದೆ. ಆದ್ದರಿಂದ ಒಂದೇ ಕಪಾಟಿನ ಮುಂದೆ ನಿಂತು ಇಷ್ಟೇ ಇರುವುದು ಎಂದು ಹಿಂದಿರುಗಬೇಡಿ. ಸೂಚಿಯಲ್ಲಿ ವಿಷಯದ ಹೆಸರಿನ ಜೊತೆಗೆ ವ್ಯಕ್ತಿಗಳ ಹೆಸರನ್ನೂ ಹಾಕಿ ಹುಡುಕಿ.

ಮೊದಲ ಪುಸ್ತಕವಾಗಿ ನಾನು ಹೆಚ್ಚಿನವರ ಕೈಗೆ ಕೊಡುವುದು ಪಕ್ಷಿತಜ್ಞ ಸಲೀಂ ಅಲಿಯವರ ಆತ್ಮಕತೆಯನ್ನು, 1985ರಲ್ಲಿ ಪ್ರಕಟವಾದ 'ದಿ ಫಾಲ್ ಆಫ್ ಎ ಸ್ಪ್ಯಾರೋ'ವನ್ನು. ಕಾರಣ ಅದರ ಪ್ರಾಮಾಣಿಕತೆ. ಏರ್‌ಗನ್ ಹಿಡಿದ ಹುಡುಗನೊಬ್ಬ ಕತ್ತಿನಲ್ಲಿ ಹಳದಿ ಮಚ್ಚೆಯಿದ್ದ ಗುಬ್ಬಚ್ಚಿಯೊಂದನ್ನು ಹೊಡೆದು, ಅದು ಯಾವ ಹಕ್ಕಿಯೆಂದು ತಿಳಿಯಲು ಬಾಂಬೆ ನ್ಯಾಚುರಲ್ ಹಿಸ್ಟರಿ ಸೊಸೈಟಿಯ ಬಾಗಿಲು ತಟ್ಟಿದ ಪ್ರಸಂಗ ಅನೇಕರಿಗೆ ಗೊತ್ತು. ನಾನು ಓದುಗರಿಗೆ ತೋರಿಸುವುದು ಅದೇ ಪುಸ್ತಕದ ಇನ್ನೊಂದು ಗುಬ್ಬಚ್ಚಿಯನ್ನು. ಬಾಲಕ ಸಲೀಂ ಗೂಡಿನ ಬಾಯಲ್ಲಿ ಕುಳಿತಿದ್ದ ಗಂಡು ಗುಬ್ಬಚ್ಚಿಯನ್ನು ಹೊಡೆಯುತ್ತಾನೆ. ಸ್ವಲ್ಪ ಹೊತ್ತಿನಲ್ಲೇ ಹೆಣ್ಣಿಗೆ ಇನ್ನೊಂದು ಗಂಡು ಜೊತೆಯಾಗುತ್ತದೆ. ಅದನ್ನೂ ಹೊಡೆಯುತ್ತಾನೆ, ಮತ್ತೊಂದು ಬರುತ್ತದೆ. ಏಳು ದಿನಗಳಲ್ಲಿ ಎಂಟು ಗಂಡುಗಳು. ಇದನ್ನೆಲ್ಲ ಆ ಹುಡುಗ ಬರೆದಿಟ್ಟಿದ್ದ, ಮುದುಕರಾದ ಮೇಲೆ ಸಲೀಂ ಅಲಿ ಆ ಟಿಪ್ಪಣಿಯನ್ನು ಮುಚ್ಚಿಡದೆ ಪುಸ್ತಕಕ್ಕೆ ಸೇರಿಸಿದರು. ಇಲ್ಲಿ ಕ್ರೌರ್ಯವೂ ಇದೆ, ಹಕ್ಕಿಗಳ ದಾಂಪತ್ಯದ ಬಗ್ಗೆ ನಿಜವಾದ ಅವಲೋಕನವೂ ಇದೆ. ಒಂದನ್ನು ಇನ್ನೊಂದರಿಂದ ಬಿಡಿಸಲು ಹೋಗದೆ ಆ ಪುಟದಲ್ಲಿ ಸ್ವಲ್ಪ ಹೊತ್ತು ನಿಲ್ಲಿ. ಆಮೇಲೆ ಗೀಜಗಗಳ ಭಾಗಕ್ಕೆ ಹೋಗಿ. ಗಂಡು ಗೀಜಗ ಅರೆಬರೆ ಗೂಡು ನೇಯ್ದು ಹೆಣ್ಣಿನ ಒಪ್ಪಿಗೆಗೆ ಕಾಯುತ್ತದೆ, ಅವಳು ಒಪ್ಪಿದ ಮೇಲೆ ಅದನ್ನು ಪೂರ್ತಿ ಮಾಡಿ, ಮುಂದಿನ ಗೂಡಿಗೆ ಮತ್ತು ಮುಂದಿನ ಹೆಣ್ಣಿಗೆ ಸಜ್ಜಾಗುತ್ತದೆ ಎಂಬುದನ್ನು ಅವರು ಕಂಡುಕೊಂಡದ್ದು ಮುಂಬೈ ಬಳಿಯ ಕಿಹಿಮ್‌ನಲ್ಲಿ ದಿನಗಟ್ಟಲೆ ಸುಮ್ಮನೆ ಕುಳಿತು ನೋಡಿ. ಆ ಹುಡುಗನ ಕುತೂಹಲವೇ ಇಲ್ಲಿಯೂ ಇದೆ, ಕೈಯಲ್ಲಿ ಬಂದೂಕು ಮಾತ್ರ ಇಲ್ಲ.

ಇಲ್ಲಿಂದಲೇ ನನ್ನ ಮುಖ್ಯ ಸಲಹೆ ಹುಟ್ಟುತ್ತದೆ. ಈ ಪುಸ್ತಕಗಳನ್ನು ಓದುವಾಗ ಕ್ರಿಯಾಪದಗಳ ಕೆಳಗೆ ಗೆರೆ ಎಳೆಯಿರಿ (ಪುಸ್ತಕ ನಿಮ್ಮದಾಗಿದ್ದರೆ ಮಾತ್ರ, ಗ್ರಂಥಾಲಯದ್ದಾದರೆ ಬೇರೆ ಕಾಗದದಲ್ಲಿ ಬರೆದುಕೊಳ್ಳಿ). ಹೊಡೆದರು, ಸುಲಿದರು, ಎಣಿಸಿದರು, ಕಟ್ಟಿಹಾಕಿದರು, ಕಾದರು, ನೋಡಿದರು. ಲೇಖಕರು ಹಕ್ಕಿಯನ್ನು ಪ್ರೀತಿಸುತ್ತೇನೆ ಎಂದು ಎಷ್ಟು ಸಲ ಹೇಳಿದರೂ ಆ ಪ್ರೀತಿ ಎಂಥದು ಎಂಬುದನ್ನು ಹೇಳುವುದು ಈ ಪದಗಳೇ. ಅವುಗಳನ್ನು ಕೆಳಗೆ ಕೆಳಗೆ ಬರೆದು ನೋಡಿದರೆ ಪುಸ್ತಕದ ನಡುವೆ ಮನುಷ್ಯ ಬದಲಾದನೇ ಎಂಬುದೂ ಕಾಣುತ್ತದೆ.

ಎರಡನೆಯದಾಗಿ ಜೆ. ಎ. ಬೇಕರ್. 1967ರ 'ದಿ ಪೆರೆಗ್ರಿನ್' ಈ ಇಡೀ ಪ್ರಕಾರದ ಶಿಖರ ಎಂದು ನಾನು ನಂಬಿದ್ದೇನೆ. ಆದರೆ ಮೊದಲೇ ಇದನ್ನು ಹಿಡಿದರೆ ಹಲವರು ಇಪ್ಪತ್ತನೇ ಪುಟದಲ್ಲಿ ಕೈಬಿಡುತ್ತಾರೆ. ಇಂಗ್ಲೆಂಡಿನ ಎಸೆಕ್ಸ್‌ನ ಬಯಲುಗಳಲ್ಲಿ ಪೆರೆಗ್ರಿನ್ ಡೇಗೆಗಳ ಬೆನ್ನುಹತ್ತಿದ ಮನುಷ್ಯ ಈತ. ತನ್ನ ಹೆಸರು, ಉದ್ಯೋಗ, ಮನೆ, ಹೆಂಡತಿ ಯಾವುದನ್ನೂ ಹೇಳುವುದಿಲ್ಲ. ಅಕ್ಟೋಬರ್‌ನಿಂದ ಏಪ್ರಿಲ್‌ವರೆಗೆ ದಿನಚರಿಯ ರೂಪದಲ್ಲಿ ಡೇಗೆ, ಬೆಳಕು, ಗಾಳಿ, ಕೊಂದ ಹಕ್ಕಿಯ ಅವಶೇಷಗಳು, ಮತ್ತೆ ಡೇಗೆ. ಕತೆಯನ್ನು ಹುಡುಕುತ್ತಾ ಹೋದರೆ ಸಿಗುವುದಿಲ್ಲ.

ಇದನ್ನು ಓದುವ ಕ್ರಮ ಹೀಗೆ. ದಿನಕ್ಕೆ ಒಂದೋ ಎರಡೋ ತಾರೀಖು ಓದಿ, ಹೆಚ್ಚು ಬೇಡ. ಆರಂಭದಲ್ಲಿ ಪೆರೆಗ್ರಿನ್‌ಗಳ ಬಗ್ಗೆಯೇ ಇರುವ ಅಧ್ಯಾಯವನ್ನು ಹಾರಿಸಬೇಡಿ. ಮುಂದಿನ ಕಣ್ಣುಕೋರೈಸುವ ವಾಕ್ಯಗಳಿಗೆಲ್ಲ ಅದೇ ಅಡಿಪಾಯ. ಇದು ಒಂದು ಚಳಿಗಾಲದ ದಿನಚರಿಯಂತೆ ಕಂಡರೂ ಬೇಕರ್ ಸುಮಾರು ಹತ್ತು ವರ್ಷಗಳ ಅಲೆದಾಟವನ್ನು ಒಂದರೊಳಗೆ ಭಟ್ಟಿ ಇಳಿಸಿದ್ದಾರೆ ಎಂಬುದನ್ನು ನೆನಪಿಡಿ. ಡೇಗೆಗಳು ಹೀಗೆಲ್ಲ ವರ್ತಿಸುತ್ತವೆಯೇ ಎಂದು ಸಂದೇಹ ಪಟ್ಟ ಪಕ್ಷಿವೀಕ್ಷಕರೂ ಇದ್ದಾರೆ. ಆ ಸಂದೇಹವನ್ನು ಪಕ್ಕದಲ್ಲಿಟ್ಟುಕೊಂಡೇ ಓದಿ, ಪುಸ್ತಕದ ಬಲ ಅದರಿಂದ ಕುಗ್ಗುವುದಿಲ್ಲ. ಇನ್ನೊಂದು ವಿಷಯ ತಿಳಿದಿದ್ದರೆ ಪುಟಪುಟದ ಭಾರ ಬದಲಾಗುತ್ತದೆ: ಆ ಕಾಲಕ್ಕೆ ಡಿಡಿಟಿಯಂಥ ಕೀಟನಾಶಕಗಳಿಂದ ಬ್ರಿಟನ್ನಿನ ಪೆರೆಗ್ರಿನ್‌ಗಳು ನಶಿಸುತ್ತಿದ್ದವು. ಅವುಗಳ ಮೊಟ್ಟೆಯ ಚಿಪ್ಪು ತೆಳುವಾಗುತ್ತಿದೆ ಎಂದು ವಿಜ್ಞಾನಿ ಡೆರೆಕ್ ರ‍್ಯಾಟ್‌ಕ್ಲಿಫ್ 'ನೇಚರ್' ಪತ್ರಿಕೆಯಲ್ಲಿ ತೋರಿಸಿದ್ದು ಕೂಡ 1967ರಲ್ಲೇ. ಬೇಕರ್ ಬರೆಯುತ್ತಿದ್ದದ್ದು ಇನ್ನು ಉಳಿಯಲಾರದು ಎಂದುಕೊಂಡಿದ್ದ ಹಕ್ಕಿಯ ಬಗ್ಗೆ. ಅವರ ಅವಸರ, ಅವರ ಕೋಪ, ಮನುಷ್ಯರ ಕಡೆಗಿನ ತಿರಸ್ಕಾರ ಎಲ್ಲಕ್ಕೂ ಬೇರು ಅಲ್ಲಿದೆ.

ಕೆಲವು ಪುಸ್ತಕಗಳನ್ನು ಜೋಡಿಯಾಗಿಯೇ ಓದಬೇಕು. ಟಿ. ಎಚ್. ವೈಟ್ 1930ರ ದಶಕದಲ್ಲಿ ಹಳೆಯ ಗ್ರಂಥಗಳನ್ನು ನೆಚ್ಚಿ, ತಾನೂ ನಿದ್ದೆಗೆಟ್ಟು ಹಕ್ಕಿಯನ್ನೂ ನಿದ್ದೆಗೆಡಿಸಿ ಗಾಸ್‌ಹಾಕ್ ಎಂಬ ಬೇಟೆಹಕ್ಕಿಯೊಂದನ್ನು ಪಳಗಿಸಲು ಹೊರಟು, ಕೊನೆಗೆ ಅದನ್ನು ಕಳೆದುಕೊಂಡರು. ಆ ಕತೆ 'ದಿ ಗಾಸ್‌ಹಾಕ್' 1951ರಲ್ಲಿ ಹೊರಬಂತು. ಹೆಲೆನ್ ಮ್ಯಾಕ್‌ಡೊನಾಲ್ಡ್ 2014ರ 'ಎಚ್ ಈಸ್ ಫಾರ್ ಹಾಕ್'ನಲ್ಲಿ ತಂದೆಯ ಸಾವಿನ ನಂತರ ಮೇಬಲ್ ಎಂಬ ಗಾಸ್‌ಹಾಕನ್ನು ಪಳಗಿಸುತ್ತಾ, ವೈಟ್ ಅವರ ಪುಸ್ತಕವನ್ನು ಸಾಲುಸಾಲಾಗಿ ಮರುಓದುತ್ತಾರೆ. ಮೊದಲು ವೈಟ್, ನಂತರ ಮ್ಯಾಕ್‌ಡೊನಾಲ್ಡ್. ಈ ಕ್ರಮ ತಿರುಗುಮುರುಗಾದರೆ ವೈಟ್ ಅವರನ್ನು ನೀವು ನಿಮ್ಮ ಕಣ್ಣಿನಿಂದ ನೋಡುವ ಅವಕಾಶವೇ ತಪ್ಪಿಹೋಗುತ್ತದೆ.

ಅಮೆರಿಕದ ಪಕ್ಷಿವೀಕ್ಷಕಿ ಫೀಬಿ ಸ್ನೆಟ್‌ಸಿಂಗರ್ ವಿಷಯದಲ್ಲೂ ಹಾಗೆಯೇ. 1981ರಲ್ಲಿ ಚರ್ಮದ ಕ್ಯಾನ್ಸರ್ ಉಲ್ಬಣಿಸಿ ಬದುಕು ಇನ್ನು ಹೆಚ್ಚು ಕಾಲವಿಲ್ಲ ಎಂದಾಗ ಅವರು ಹಕ್ಕಿ ನೋಡಲು ಹೊರಟರು. ಮುಂದೆ 8,000ಕ್ಕೂ ಹೆಚ್ಚು ಪ್ರಭೇದಗಳನ್ನು ಕಂಡ ಮೊದಲಿಗರಾದರು. 1999ರಲ್ಲಿ ಮಡಗಾಸ್ಕರ್‌ನಲ್ಲಿ ವಾಹನ ಅಪಘಾತದಲ್ಲಿ ತೀರಿಕೊಂಡರು. ಅವರದೇ ಬರವಣಿಗೆ 'ಬರ್ಡಿಂಗ್ ಆನ್ ಬಾರೋಡ್ ಟೈಮ್'. ಒಲಿವಿಯಾ ಜೆಂಟಿಲ್ ಬರೆದ ಜೀವನಚರಿತ್ರೆ 'ಲೈಫ್ ಲಿಸ್ಟ್'. ಮೊದಲನೆಯದರಲ್ಲಿ ಕಂಡ ಹಕ್ಕಿಗಳ ಪಟ್ಟಿ ಬೆಳೆಯುತ್ತಾ ಹೋಗುವ ಸಂಭ್ರಮವಿದೆ. ಎರಡನೆಯದನ್ನು ಓದುವಾಗ ಎರಡು ಪ್ರಶ್ನೆ ಇಟ್ಟುಕೊಳ್ಳಿ: ಹಣ ಎಲ್ಲಿಂದ ಬಂತು, ಮನೆಯಲ್ಲಿ ಉಳಿದವರು ಯಾರು? ಜಾಹೀರಾತು ಉದ್ಯಮಿ ಲಿಯೋ ಬರ್ನೆಟ್ ಅವರ ಮಗಳು ಈಕೆ. ತಾಯಿಯ ಅಂತ್ಯಕ್ರಿಯೆಗೂ ಮಗಳ ಮದುವೆಗೂ ಅವರು ಹೋಗಲಿಲ್ಲ; ಆಗ ಹಕ್ಕಿಗಳ ಬೆನ್ನಹಿಂದೆ ದೂರದೇಶದಲ್ಲಿದ್ದರು. ನಾನು ಅವರನ್ನು ತೆಗಳುವುದಿಲ್ಲ. ಆದರೆ ಇಂಥ ಪ್ರತಿಯೊಂದು ಪುಸ್ತಕಕ್ಕೂ ಈ ಎರಡು ಪ್ರಶ್ನೆಗಳನ್ನು ಕೇಳಲೇಬೇಕು. ಉತ್ತರ ಸಾಮಾನ್ಯವಾಗಿ ಕೃತಜ್ಞತೆಗಳ ಪುಟದಲ್ಲಿ ಅಡಗಿರುತ್ತದೆ, ಅದನ್ನೂ ಓದಿ.

ಕಳ್ಳರ ಪುಸ್ತಕಗಳನ್ನು ಓದುವವರು ಚೀಟಿಗಳ ಮೇಲೆ ಗಮನವಿಡಿ. ವಸ್ತುಸಂಗ್ರಹಾಲಯದ ಹಕ್ಕಿಯ ಕಾಲಿಗೆ ಕಟ್ಟಿದ ಪುಟ್ಟ ಚೀಟಿಯಲ್ಲಿ ಅದನ್ನು ಎಲ್ಲಿ, ಎಂದು, ಯಾರು ಸಂಗ್ರಹಿಸಿದರು ಎಂಬುದು ಇರುತ್ತದೆ. 2009ರಲ್ಲಿ ಇಂಗ್ಲೆಂಡಿನ ಟ್ರಿಂಗ್ ವಸ್ತುಸಂಗ್ರಹಾಲಯದಿಂದ 299 ಹಕ್ಕಿಗಳ ಚರ್ಮಗಳು ಕಳುವಾದವು. ಕೆಲವು ಹತ್ತೊಂಬತ್ತನೇ ಶತಮಾನದ ಪ್ರಕೃತಿವಿಜ್ಞಾನಿ ಆಲ್‌ಫ್ರೆಡ್ ರಸೆಲ್ ವಾಲೇಸ್ ಸಂಗ್ರಹಿಸಿದ್ದವು. ಮೀನಿನ ಗಾಳಕ್ಕೆ ಬಣ್ಣದ ಗರಿ ಕಟ್ಟುವವರ ಹುಚ್ಚೇ ಆ ಕಳ್ಳತನದ ಹಿಂದಿತ್ತು. ಕರ್ಕ್ ವಾಲೇಸ್ ಜಾನ್ಸನ್ ಅದನ್ನು 2018ರ 'ದಿ ಫೆದರ್ ಥೀಫ್'ನಲ್ಲಿ ಪತ್ತೇದಾರಿ ಕಾದಂಬರಿಯ ಬಿಗಿಯಲ್ಲಿ ಹೇಳಿದ್ದಾರೆ. ಚೀಟಿ ಹರಿದ ಹಕ್ಕಿ ಮರಳಿ ಸಿಕ್ಕರೂ ವಿಜ್ಞಾನಕ್ಕೆ ಅದರ ಬೆಲೆ ಬಹುಪಾಲು ಹೋದಂತೆಯೇ.

ಸುಳ್ಳು ಚೀಟಿ ಇದಕ್ಕಿಂತ ಕೆಟ್ಟದ್ದು. ಸೇನಾಧಿಕಾರಿ ರಿಚರ್ಡ್ ಮೈನರ್ಟ್ಸ್‌ಹಾಗನ್ ಬದುಕಿದ್ದಾಗ ದೊಡ್ಡ ಪಕ್ಷಿತಜ್ಞನೆಂದು ಹೆಸರಾಗಿದ್ದವರು. ಅವರು ಬೇರೆಯವರ ಮಾದರಿಗಳನ್ನು ಕದ್ದು ಹೊಸ ಸ್ಥಳ, ಹೊಸ ತಾರೀಖು ಬರೆದಿದ್ದರೆಂಬುದು ಅವರು ತೀರಿಕೊಂಡ ಎಷ್ಟೋ ವರ್ಷಗಳ ನಂತರ ಬಯಲಾಯಿತು. ಫಾರೆಸ್ಟ್ ಔಲೆಟ್ ಎಂಬ ಸಣ್ಣ ಗೂಬೆಯನ್ನು 1914ರಲ್ಲಿ ಗುಜರಾತಿನಲ್ಲಿ ಹಿಡಿದೆನೆಂಬ ಅವರ ದಾಖಲೆಯೂ ಸುಳ್ಳು. ಅದನ್ನು ಬದಿಗಿಟ್ಟು ಹಳೆಯ, ನಂಬಬಹುದಾದ ದಾಖಲೆಗಳನ್ನು ಹಿಡಿದು ಹೋದ ಪಮೇಲಾ ರಾಸ್ಮುಸ್ಸೆನ್ ಮತ್ತು ಸಂಗಡಿಗರಿಗೆ 1997ರಲ್ಲಿ ಮಹಾರಾಷ್ಟ್ರದಲ್ಲಿ ಆ ಗೂಬೆ ಜೀವಂತ ಸಿಕ್ಕಿತು. ಆದ್ದರಿಂದ ಹಳೆಯ ಸಂಗ್ರಾಹಕರ ದಿನಚರಿಗಳನ್ನು ಓದುವಾಗ ಅವರ ಬಗ್ಗೆ ನಂತರದವರು ಬರೆದದ್ದನ್ನೂ ಒಮ್ಮೆ ನೋಡಿ.

ಓದುವಾಗ ಪಕ್ಕದಲ್ಲಿ ಒಂದು ಪಕ್ಷಿ ಕೈಪಿಡಿ ಇರಲಿ, ಕೂಗಿನ ಧ್ವನಿಮುದ್ರಣ ಸಿಕ್ಕರೆ ಕೇಳಿ. ಇದಕ್ಕೆ ಹೆಚ್ಚಿನ ವಿವರಣೆ ಬೇಕಿಲ್ಲ.

ಬಹಳ ಹಳೆಯವರನ್ನು ತುಣುಕುಗಳಾಗಿ ಓದಿದರೆ ಸಾಕು. ರಣಹದ್ದು ಮಾಂಸವನ್ನು ಮೂಗಿನಿಂದ ಪತ್ತೆಹಚ್ಚುತ್ತದೋ ಕಣ್ಣಿನಿಂದಲೋ ಎಂದು ತಿಳಿಯಲು ಅದರ ಕಣ್ಣು ಮುಚ್ಚಿಸಿ ಪರೀಕ್ಷಿಸಿದ ಹದಿಮೂರನೇ ಶತಮಾನದ ಚಕ್ರವರ್ತಿ ಎರಡನೇ ಫ್ರೆಡರಿಕ್, ಲೈಲಾ ಮಜ್ನೂ ಎಂದು ಹೆಸರಿಟ್ಟ ಸಾರಸ ಜೋಡಿ ಸರದಿಯ ಮೇಲೆ ಮೊಟ್ಟೆಗೆ ಕಾವು ಕೊಟ್ಟದ್ದನ್ನು ಆತ್ಮಕತೆಯಲ್ಲಿ ದಾಖಲಿಸಿದ ಜಹಾಂಗೀರ್: ಇಬ್ಬರ ಆ ಭಾಗಗಳನ್ನಷ್ಟೇ ಹುಡುಕಿ ಓದಿ.

ಕೊನೆಯ ಜೋಡಿ ನನಗೆ ಅತಿ ಪ್ರಿಯವಾದದ್ದು. ವಾದ್ಯಗಾರ್ತಿಯಾಗಿದ್ದ ಲೆನ್ ಹಾವರ್ಡ್ ಲಂಡನ್ ಬಿಟ್ಟು ಸಸೆಕ್ಸ್‌ನ ಡಿಚ್ಲಿಂಗ್‌ನಲ್ಲಿ ಕಿಟಕಿಗಳನ್ನು ತೆರೆದಿಟ್ಟು, ಗ್ರೇಟ್ ಟಿಟ್ ಹಕ್ಕಿಗಳಿಗೆ ಮನೆಯನ್ನೇ ಬಿಟ್ಟುಕೊಟ್ಟು ಬದುಕಿದರು. ಅವರ 'ಬರ್ಡ್ಸ್ ಆ್ಯಸ್ ಇಂಡಿವಿಜುವಲ್ಸ್' 1952ರದು. ಪ್ರತಿ ಹಕ್ಕಿಗೂ ಹೆಸರಿದೆ, ಸ್ವಭಾವವಿದೆ. ಇದರ ಜೊತೆಗೆ ಓದಬೇಕಾದವರು ಅಮೆರಿಕದ ಮಾರ್ಗರೆಟ್ ಮೋರ್ಸ್ ನೈಸ್. ಮಕ್ಕಳನ್ನು ಸಾಕುತ್ತಾ, ಯಾವ ಸಂಸ್ಥೆಯ ನೌಕರಿಯೂ ಇಲ್ಲದೆ, ಒಹಾಯೋದ ಕೊಲಂಬಸ್‌ನಲ್ಲಿ ಮನೆಯ ಪಕ್ಕದ ಸಾಂಗ್ ಸ್ಪ್ಯಾರೋ ಎಂಬ ಹಾಡುಹಕ್ಕಿಗಳ ಕಾಲಿಗೆ ಬಣ್ಣದ ಬಳೆ ತೊಡಿಸಿ ವರ್ಷಗಟ್ಟಲೆ ಅವುಗಳ ಬದುಕನ್ನು ಬರೆದಿಟ್ಟರು. '4ಎಂ' ಎಂದು ಗುರುತಿಸಿದ್ದ ಗಂಡು ಹಕ್ಕಿಯ ಹಾಡುಗಳನ್ನು 1935ರ ಮೇ ತಿಂಗಳ ಒಂದು ದಿನ ಬೆಳಗಿನಿಂದ ಸಂಜೆಯವರೆಗೆ ಎಣಿಸಿದರು: 2,305. ಹಾವರ್ಡ್ ಅವರ ಆತ್ಮೀಯತೆಯೂ ನೈಸ್ ಅವರ ಲೆಕ್ಕವೂ ಹಕ್ಕಿಯನ್ನು ಒಂದೊಂದಾಗಿ ಗುರುತಿಸುವ ಆಸೆಯಿಂದಲೇ ಹುಟ್ಟಿದವು. ನೈಸ್ ಅವರಲ್ಲಿ ಮೊದಲು ಸಾಮಾನ್ಯ ಓದುಗರಿಗಾಗಿ ಬರೆದ 1939ರ 'ದಿ ವಾಚರ್ ಅಟ್ ದಿ ನೆಸ್ಟ್' ಓದಿ. ಅದು ಹಿಡಿಸಿದರೆ 1943ರ ಅಧ್ಯಯನ ಸಂಪುಟಕ್ಕೆ ಹೋಗಿ, ಅದು ಹಕ್ಕಿಗಳ ವರ್ತನೆಯ ಬಗ್ಗೆ ಇದೆ. ಹಕ್ಕಿಗಳ ಸಂಖ್ಯೆಯ ಕೋಷ್ಟಕಗಳಿರುವ 1937ರ ಸಂಪುಟವನ್ನು ಅದರ ನಂತರ ತೆಗೆದುಕೊಳ್ಳಿ.