ಮೈಸೂರಲ್ಲಿ ಕೂತು ಅಮೆರಿಕದ ಕಾಲೇಜ್ ಫುಟ್‌ಬಾಲ್ ನೋಡುವುದು ಹೇಗೆ

ಕುವೆಂಪುನಗರದಲ್ಲೋ ವಿಜಯನಗರದಲ್ಲೋ ಯಾವ ಬೀದಿಗೆ ಹೋದರೂ ಒಂದೆರಡು ಮನೆಯ ಮಕ್ಕಳು ಅಮೆರಿಕದಲ್ಲಿ ಎಂ.ಎಸ್. ಮಾಡ್ತಾ ಇರ್ತಾರೆ. ಸೆಪ್ಟೆಂಬರ್ ಬಂತು ಅಂದ್ರೆ ಕಾಲೇಜಿನ ಬಣ್ಣದ ಟೀ ಶರ್ಟ್ ಹಾಕಿಕೊಂಡು, ಲಕ್ಷ ಜನ ತುಂಬಿದ ಸ್ಟೇಡಿಯಂ ಫೋಟೊ ಕಳಿಸೋಕೆ ಶುರು ಮಾಡ್ತಾರೆ. ನಾವು ಒಂದು ಲೈಕ್ ಒತ್ತಿ ಸುಮ್ನಾಗ್ತೀವಿ. ಹಾಗೆ ಬಿಡಬೇಡಿ, ಒಂದು ಸೀಸನ್ ಪೂರ್ತಿ ನೋಡಿ, ಚೆನ್ನಾಗಿರುತ್ತದೆ. ಇದು ನಮ್ಮ ಫುಟ್‌ಬಾಲ್ ಅಲ್ಲ, ಚೆಂಡನ್ನು ಕೈಯಲ್ಲಿ ಹಿಡಿದು ಓಡುವ, ಎಸೆಯುವ ಆಟ. ಆದರೆ ಎಲ್ಲವನ್ನೂ ನೋಡಲು ಹೋದರೆ ಎರಡೇ ವಾರಕ್ಕೆ ಸಾಕಾಗಿಬಿಡುತ್ತದೆ, ಯಾಕಂದ್ರೆ ಮೇಲಿನ ದರ್ಜೆಯಲ್ಲೇ 130ಕ್ಕೂ ಹೆಚ್ಚು ತಂಡಗಳಿವೆ.

ಅದಕ್ಕೇ ಮೊದಲು ಒಂದೇ ಒಂದು ತಂಡ ಹಿಡಿಯಿರಿ. ಅಕ್ಕನ ಮಗ ಓದುವ ಕಾಲೇಜಾದರೆ ಒಳ್ಳೆಯದು, ಮಾತಾಡಲು ಒಬ್ಬ ಸಿಗ್ತಾನೆ. ಅಂಥವರು ಯಾರೂ ಇಲ್ಲದಿದ್ದರೆ ನನ್ನ ಸಲಹೆ: ಸದಾ ಗೆಲ್ಲುವ ತಂಡ ಬೇಡ, ಒಂದು ವಾರ ಗೆದ್ದು ಇನ್ನೊಂದು ವಾರ ಸೋಲುವ ನಡು ಮಟ್ಟದ ತಂಡ ಆರಿಸಿಕೊಳ್ಳಿ. ಗೆಲುವು ಅಪರೂಪವಾದಾಗಲೇ ಮಜಾ ಜಾಸ್ತಿ.

ಆಮೇಲೆ ವೇಳಾಪಟ್ಟಿ. ಮಾಮೂಲಿ ಸೀಸನ್ನಿಗೆ 12 ಪಂದ್ಯ, ಆಗಸ್ಟ್ ಕೊನೆಯಿಂದ ನವೆಂಬರ್ ಕೊನೆಯವರೆಗೆ, ಹೆಚ್ಚಾಗಿ ಶನಿವಾರ, ವಾರಕ್ಕೊಂದು, ನಡುವೆ ಒಂದೋ ಎರಡೋ ವಾರ ಬಿಡುವು. ಎದುರಾಳಿಯ ಹೆಸರಿನ ಮುಂದೆ ‘ಆ್ಯಟ್’ ಅಂತಿದ್ದರೆ ಅವರ ಊರಲ್ಲಿ ಆಟ. ಶುರುವಿನ ಪಂದ್ಯಗಳನ್ನು ನೋಡಿ ಜಾಸ್ತಿ ಉಬ್ಬಬೇಡಿ. ದೊಡ್ಡ ಕಾಲೇಜುಗಳು ಸಣ್ಣ ಕಾಲೇಜುಗಳಿಗೆ ದುಡ್ಡು ಕೊಟ್ಟು ಕರೆಸಿಕೊಂಡು, ಚೆನ್ನಾಗಿ ಹೊಡೆದು ಕಳಿಸುವ ಕಾಲ ಅದು. ಒಮ್ಮೊಮ್ಮೆ ಉಲ್ಟಾ ಹೊಡೆಯುವುದೂ ಉಂಟು: 2024ರ ಸೆಪ್ಟೆಂಬರ್‌ನಲ್ಲಿ ನಾರ್ದರ್ನ್ ಇಲಿನಾಯ್ ತಂಡ ನೋಟರ್ ಡೇಮ್‌ನ ಊರಿಗೇ ಹೋಗಿ 16-14ರಿಂದ ಗೆದ್ದು ಬಂತು.

ಇನ್ನು ಸಮಯ. ಇದೊಂದು ಸರಿಯಾಗಿ ಗೊತ್ತಾದರೆ ಅರ್ಧ ಕೆಲಸ ಮುಗಿದ ಹಾಗೆ. ಅಲ್ಲಿನ ಪೂರ್ವ ಕರಾವಳಿಯ ಸಮಯಕ್ಕೆ ಒಂಬತ್ತೂವರೆ ಗಂಟೆ ಕೂಡಿಸಿ. ಅವರ ಶನಿವಾರ ಮಧ್ಯಾಹ್ನ 12 ಅಂದ್ರೆ ನಮಗೆ ಶನಿವಾರ ರಾತ್ರಿ 9:30. ಅವರ 3:30 ನಮಗೆ ರಾತ್ರಿ 1 ಗಂಟೆ. ಅವರ ಸಂಜೆ 7:30 ನಮಗೆ ಭಾನುವಾರ ಬೆಳಗಿನ ಜಾವ 5. ನವೆಂಬರ್ ಮೊದಲ ಭಾನುವಾರ ಅವರು ಗಡಿಯಾರ ಒಂದು ಗಂಟೆ ಹಿಂದಕ್ಕೆ ತಿರುಗಿಸುತ್ತಾರೆ, ಅಲ್ಲಿಂದ ಹತ್ತೂವರೆ ಗಂಟೆ ಕೂಡಿಸಬೇಕು. ಟೆಕ್ಸಸ್ ಕಡೆಯ ತಂಡವಾಗಿದ್ದು ಅಲ್ಲಿನ ಸಮಯವನ್ನೇ ಹಾಕಿದ್ದರೆ ಅದರ ಮೇಲೆ ಇನ್ನೊಂದು ಗಂಟೆ. ಒಂಟಿಕೊಪ್ಪಲ್ ಕ್ಯಾಲೆಂಡರ್ ಮೇಲೆ ಗುರುತು ಹಾಕುವವರು ರಾತ್ರಿ 9:30ರದ್ದನ್ನು ಬಿಟ್ಟು ಉಳಿದದ್ದನ್ನು ಭಾನುವಾರದ ಚೌಕದಲ್ಲಿ ಬರೆದುಕೊಂಡರೆ ವಾಸಿ.

ನನ್ನ ಪ್ರಕಾರ ನಮಗೆ ಹೇಳಿ ಮಾಡಿಸಿದ್ದು ಬೆಳಗಿನ 5 ಗಂಟೆಯ ಪಂದ್ಯ. ದೊಡ್ಡ ಪಂದ್ಯಗಳು ಜಾಸ್ತಿ ಬೀಳುವುದೂ ಆಗಲೇ. ಮನೆಯಲ್ಲಿ ಎಲ್ಲರೂ ಮಲಗಿರ್ತಾರೆ, ರಿಮೋಟ್‌ಗೆ ಜಗಳ ಇಲ್ಲ, ಎಂಟೂವರೆಗೆ ಮುಗಿಯುತ್ತದೆ, ನಜರ್‌ಬಾದ್‌ನ ಮೈಲಾರಿಗೆ ಹೋಗಿ ದೋಸೆಗೆ ಕಾಯಬಹುದು. ರಾತ್ರಿ 1ರ ಪಂದ್ಯಕ್ಕೆ ನಿದ್ದೆ ಕೆಡಬೇಡಿ. ಬೆಳಗ್ಗೆ ಎದ್ದು ಯೂಟ್ಯೂಬಲ್ಲಿ ಮುಖ್ಯ ಭಾಗ ನೋಡಿದರೆ ಸಾಕು, ಅಲ್ಲಿಯವರೆಗೆ ಮಾತ್ರ ಫ್ಯಾಮಿಲಿ ವಾಟ್ಸಾಪ್ ಗ್ರೂಪ್ ತೆರೆಯಬೇಡಿ.

ಆಟ ಅರ್ಥ ಆಗಲು ಪರದೆಯ ಮೂಲೆಯಲ್ಲಿ ಬರುವ ಎರಡು ಅಂಕಿ ಸಾಕು. ‘ಥರ್ಡ್ ಅಂಡ್ 7’ ಅಂದ್ರೆ ಮೂರನೇ ಪ್ರಯತ್ನ, ಇನ್ನೂ 7 ಗಜ ಬಾಕಿ. 10 ಗಜ ಮುಂದೆ ಹೋಗಲು ನಾಲ್ಕು ಅವಕಾಶ ಇರುತ್ತದೆ; ಹೋದರೆ ಮತ್ತೆ ನಾಲ್ಕು. ಮೂರರಲ್ಲಿ ಆಗದಿದ್ದರೆ ಸಾಮಾನ್ಯವಾಗಿ ಚೆಂಡನ್ನು ದೂರ ಒದ್ದು ಎದುರಾಳಿಗೆ ಬಿಟ್ಟುಕೊಡುತ್ತಾರೆ. ಒದೆಯದೆ ನಾಲ್ಕನೆಯದಕ್ಕೂ ನುಗ್ಗಿದರೆ ನೆಟ್ಟಗೆ ಕೂತುಕೊಳ್ಳಿ, ಅದು ಕಬಡ್ಡಿಯ ಡು ಆರ್ ಡೈ ರೈಡ್ ಇದ್ದ ಹಾಗೆ. ಚೆಂಡನ್ನು ಎದುರಾಳಿಯ ತುದಿಯ ಗೆರೆ ದಾಟಿಸಿದರೆ ಟಚ್‌ಡೌನ್, ಅದಕ್ಕೆ 6 ಅಂಕ; ಅದರ ಹಿಂದೆಯೇ ಕಂಬಗಳ ನಡುವೆ ಒದ್ದು ತೆಗೆಯುವುದಕ್ಕೆ 1; ಟಚ್‌ಡೌನ್ ಆಗದೆ ಹಾಗೆ ಒದ್ದರೆ ಫೀಲ್ಡ್ ಗೋಲ್, ಅದಕ್ಕೆ 3. ಉಳಿದ ನಿಯಮ ನೋಡ್ತಾ ನೋಡ್ತಾ ಬರುತ್ತದೆ.

ಮೊದಲ ಒಂದೆರಡು ಪಂದ್ಯದಲ್ಲಿ ಚೆಂಡನ್ನು ನೋಡಲೇಬೇಡಿ ಅಂತೀನಿ. ಚೆಂಡು ಎಸೆದು ಆಟ ನಡೆಸುವವನು ಕ್ವಾರ್ಟರ್‌ಬ್ಯಾಕ್; ಅವನ ಮುಂದೆ ಬಗ್ಗಿ ನಿಂತಿರುವ ಐದು ಜನ ದಢೂತಿಗಳನ್ನು ನೋಡಿ. ಆಟ ಶುರುವಾದ ಕೂಡಲೇ ಅವರ ಕಾಲು ಹಿಂದಕ್ಕೆ ಜಾರುತ್ತಿದ್ದರೆ ಕ್ವಾರ್ಟರ್‌ಬ್ಯಾಕ್ ಎಷ್ಟೇ ಜಾಣನಾದರೂ ಆ ದಿನ ಕಷ್ಟ. ಅವರು ಎದುರಿನವರನ್ನು ತಳ್ಳಿಕೊಂಡು ಹೋಗ್ತಾ ಇದ್ದರೆ, ಸ್ಕೋರ್ ಹಿಂದೆ ಇದ್ದರೂ ಟಿವಿ ಆರಿಸಬೇಡಿ. ಮಂಡ್ಯದಿಂದ ಬಂದ ಚಿಕ್ಕಪ್ಪ ‘60 ನಿಮಿಷದ ಆಟಕ್ಕೆ ಮೂರೂವರೆ ಗಂಟೆ ಯಾಕಪ್ಪಾ, ಐದು ಸೆಕೆಂಡ್ ಓಡ್ತಾರೆ, ಆಮೇಲೆ ನಿಂತ್ಕೊತಾರೆ’ ಅಂತ ಕೇಳೇ ಕೇಳ್ತಾರೆ. ಜಾಹೀರಾತನ್ನು ಬೈದುಕೊಳ್ಳಲಿ ಪರವಾಗಿಲ್ಲ. ಆದರೆ ಆ ನಿಂತ ಹೊತ್ತಲ್ಲೇ ಎರಡೂ ಕಡೆಯ ಕೋಚ್‌ಗಳು ಮುಂದಿನ ನಡೆ ಹೂಡ್ತಾ ಇರ್ತಾರೆ ಅಂತ ಹೇಳಿ ನೋಡಿ.

ರ‍್ಯಾಂಕಿಂಗ್ ವಿಷಯಕ್ಕೆ ಬಂದರೆ ಸ್ವಲ್ಪ ತಲೆ ಕೆಡುತ್ತದೆ. ಐಪಿಎಲ್‌ನ ಪಾಯಿಂಟ್ಸ್ ಪಟ್ಟಿಯಂಥದ್ದು ಇಡೀ ದೇಶಕ್ಕೆ ಒಂದೂ ಇಲ್ಲ. 1936ರಿಂದ ಎಪಿ ಸುದ್ದಿಸಂಸ್ಥೆ ಪತ್ರಕರ್ತರ ಮತ ಪಡೆದು ಶ್ರೇಯಾಂಕ ಕೊಡುತ್ತಿದೆ, ಈಗ ಅದರಲ್ಲಿ 25 ತಂಡ ಇರುತ್ತವೆ. ಹರಟೆಗೆ ಅದು ಚೆನ್ನ. ಪ್ಲೇಆಫ್‌ಗೆ ಲೆಕ್ಕಕ್ಕೆ ಬರುವುದು ನವೆಂಬರ್‌ನಿಂದ ಆಯ್ಕೆ ಸಮಿತಿ ಕೊಡುವ ಪಟ್ಟಿ ಮಾತ್ರ. ಅವರು ಎಷ್ಟು ಗೆದ್ದಿರಿ ಅನ್ನುವುದರ ಜೊತೆಗೆ ಯಾರ ಮೇಲೆ ಗೆದ್ದಿರಿ ಅಂತಲೂ ನೋಡ್ತಾರೆ. ತಮ್ಮತಮ್ಮಲ್ಲೇ ಹೆಚ್ಚು ಆಡುವ ತಂಡಗಳ ಗುಂಪಿಗೆ ಕಾನ್ಫರೆನ್ಸ್ ಅಂತಾರೆ, ಅದರ ಹೆಸರು ನಂಬಬೇಡಿ: ಬಿಗ್ ಟೆನ್‌ನಲ್ಲಿ 18 ತಂಡ, ಬಿಗ್ 12ರಲ್ಲಿ 16!

ನಿಮ್ಮ ತಂಡ ಅಕ್ಟೋಬರ್‌ನಲ್ಲಿ ಸೋತರೆ ಸೀಸನ್ ಮುಗೀತು ಅಂದುಕೊಳ್ಳಬೇಡಿ. 2024ರಿಂದ ಪ್ಲೇಆಫ್‌ಗೆ 4ರ ಬದಲು 12 ತಂಡ ಹೋಗುತ್ತವೆ. ಆ ವರ್ಷ ಒಹಾಯೊ ಸ್ಟೇಟ್ ಅಕ್ಟೋಬರ್‌ನಲ್ಲಿ ಆರೆಗನ್ ಎದುರು 32-31ರಿಂದ ಸೋತಿತು. ನವೆಂಬರ್ ಕೊನೆಗೆ ಬದ್ಧವೈರಿ ಮಿಷಿಗನ್ ಎದುರು, ಅದೂ ತನ್ನೂರಲ್ಲೇ, 13-10ರಿಂದ ಸೋತು ಮುಖ ಸಪ್ಪೆ ಮಾಡಿಕೊಂಡಿತು. ಜನವರಿ 1ರಂದು ರೋಸ್ ಬೌಲ್ ಅನ್ನುವ ಪ್ಲೇಆಫ್ ಪಂದ್ಯದಲ್ಲಿ ಅದೇ ಆರೆಗನ್ ಸಿಕ್ಕಾಗ 41-21ರಿಂದ ಗೆದ್ದಿತು. ಕೊನೆಗೆ ಫೈನಲ್‌ನಲ್ಲಿ 34-23ರಿಂದ ಗೆದ್ದು ಚಾಂಪಿಯನ್. ಎದುರಿಗಿದ್ದವರು ಯಾರು ಗೊತ್ತಾ? ಸೆಪ್ಟೆಂಬರ್‌ನಲ್ಲಿ ಮಾನ ಕಳೆದುಕೊಂಡಿದ್ದ ನೋಟರ್ ಡೇಮ್.

ಪ್ಲೇಆಫ್ ಕನಸೇ ಇಲ್ಲದ ತಂಡವಾದರೆ 6 ಅನ್ನುವ ಅಂಕಿ ನೆನಪಿಡಿ. ಆರು ಗೆದ್ದರೆ ಡಿಸೆಂಬರ್‌ನಲ್ಲಿ ಒಂದು ಬೌಲ್ ಪಂದ್ಯಕ್ಕೆ, ಅಂದ್ರೆ ಮಾಮೂಲಿ ಸೀಸನ್ ಮುಗಿದ ಮೇಲಿನ ವಿಶೇಷ ಪಂದ್ಯಕ್ಕೆ, ಅರ್ಹತೆ ಸಿಗುತ್ತದೆ. ಐದು ಗೆದ್ದು ಕೊನೆಯ ಶನಿವಾರಕ್ಕೆ ಬಂದ ತಂಡದ ಆಟ ನೋಡಿ, ಫೈನಲ್‌ಗಿಂತ ಕಮ್ಮಿ ಇರಲ್ಲ.

ಇನ್ನೊಂದು ವಿಷಯ. ಸೀಸನ್ ಮುಗಿದ ಮೇಲೆ ಎಷ್ಟೋ ಆಟಗಾರರು ಟ್ರಾನ್ಸ್‌ಫರ್ ಪೋರ್ಟಲ್ (ಕಾಲೇಜು ಬದಲಿಸುವವರು ಹೆಸರು ಕೊಡುವ ಪಟ್ಟಿ) ಮೂಲಕ ಬೇರೆ ಕಾಲೇಜಿಗೆ ಹೋಗಿಬಿಡುತ್ತಾರೆ, ಒಳ್ಳೊಳ್ಳೆಯವರು ಅಲ್ಲಿನ ವೃತ್ತಿಪರ ಲೀಗ್ ಎನ್‌ಎಫ್‌ಎಲ್‌ಗೆ. 2021ರ ಜುಲೈನಿಂದ ತಮ್ಮ ಹೆಸರಿನ ಮೇಲೆ ಜಾಹೀರಾತು ದುಡ್ಡು ಮಾಡಲೂ ಅವಕಾಶ ಆಗಿದೆ, ಹಾಗಾಗಿ ಓಡಾಟ ಇನ್ನೂ ಜಾಸ್ತಿ. ನೆಚ್ಚಿನ ಆಟಗಾರನ ನಂಬರಿನ ಜರ್ಸಿ ತರಿಸಿಕೊಳ್ಳುವ ಆಸೆ ಇದ್ದರೆ ಆಗಸ್ಟ್‌ವರೆಗೆ ಕಾಯಿರಿ, ಹೊಸ ತಂಡದ ಪಟ್ಟಿ ನೋಡಿ, ಆಮೇಲೆ ಅಕ್ಕನ ಮಗನಿಗೆ ಹೇಳಿ.